ಮಕ್ಬೂಲ ಭಾಯಿಯ ಹನ್ನೊಂದು ನಿಮಿಷ

ಮಕ್ಬೂಲ ನನ್ನ ಹತ್ತಿರ ಕನ್ನಡ ಅಕ್ಷರ ಕಲಿಯಲು ಬಂದಾಗ ಅವನಿಗೆ ಮೂವತ್ತಾರು ವರ್ಷ. ಒಂದನೇ ಇಯತ್ತೆಯ ಮಕ್ಕಳು ಮನೆಗೆ ಹೋದ ಮೇಲೆ, ಅವರು ಕೂತಿದ್ದ ಜಾಗದಲ್ಲೇ ಮೊಳಕಾಲು ಮಡಚಿ ಕೂತು ಪಾಟಿಯ ಮೇಲೆ ಅಕ್ಷರ ತಿದ್ದುತ್ತಿದ್ದ. ಬೀದರ ಮೈಸೂರು ರಾಜ್ಯಕ್ಕೆ ಸೇರಿ ಆಗಿನ್ನೂ ವರ್ಷ ತುಂಬಿರಲಿಲ್ಲ. ಉರ್ದು ಕಾಗದಗಳ ಜಾಗಕ್ಕೆ ಕನ್ನಡದ ಕಾಗದಗಳು ಒಂದೊಂದಾಗಿ ಬರತೊಡಗಿದ್ದವು. ಮಾತಾಡಲು ಅವನಿಗೆ ಕನ್ನಡ ನೀರು ಕುಡಿದಷ್ಟು ಸುಲಭ. ಬರೆಯಲು ಹೋದರೆ ಮಾತ್ರ ಉರ್ದುವಿನ ರೂಢಿಯಲ್ಲಿ ಬಲಗಡೆಯಿಂದ ಶುರು ಮಾಡುತ್ತಿದ್ದ. ನನಗೆ ಮೊದಲೇ ಮೂಗಿನ ತುದಿಯಲ್ಲಿ ಸಿಟ್ಟು.

“ಎಡಗಡಿಯಿಂದ, ಮಕ್ಬೂಲ ಭಾಯಿ, ಎಡಗಡಿಯಿಂದ!”

“ನನಗ ತಿಳದದರಿ ಮಾಸ್ತರ. ಕೈಗಿ ಇನ್ನಾ ತಿಳೀವಲ್ದು,” ಎಂದು ನಗುತ್ತಿದ್ದ. ನಾಲ್ಕು ತಿಂಗಳಲ್ಲಿ ಅವನ ಕೈಗೂ ತಿಳಿಯಿತು, ನನಗೂ ಒಬ್ಬ ಗೆಳೆಯ ಸಿಕ್ಕ.

ಅವನದು ಸರ್ಕಾರದ ಪ್ರಚಾರದ ವ್ಯಾನಿನಲ್ಲಿ ಸಿನೆಮಾ ಯಂತ್ರ ಓಡಿಸುವ ಕೆಲಸ. ಹಳ್ಳಿಗೆ ಹೋಗಿ, ಎರಡು ಬಿದಿರು ನೆಟ್ಟು, ನಡುವೆ ಬಿಳಿ ಬಟ್ಟೆಯ ಪರದೆ ಕಟ್ಟಿ, ಹೊತ್ತು ಮುಳುಗುತ್ತಲೇ ಸಿಡುಬಿನ ಚುಚ್ಚುಮದ್ದು, ತಿಪ್ಪೆಗೊಬ್ಬರ, ಅಣೆಕಟ್ಟು ಇಂಥ ಸಣ್ಣ ಸಣ್ಣ ಚಿತ್ರಗಳನ್ನು ತೋರಿಸಬೇಕು. ತಂದೆ ಅಬ್ದುಲ ಗಫೂರ ಬಿದರಿ ಕೆಲಸದಲ್ಲಿ ಹೆಸರಾದವರು. ಮಗನೂ ತಮ್ಮ ಪಕ್ಕ ಕೂತು ಕಪ್ಪು ಹೂಜಿಗೆ ಬೆಳ್ಳಿಯ ತಂತಿ ಕೂರಿಸಲಿ ಎಂಬ ಆಸೆ ಅವರಿಗಿತ್ತು. ಮಗ ಹದಿನೆಂಟಕ್ಕೇ ಒಂದು ಟೂರಿಂಗ್ ಟಾಕೀಸಿನ ಹಿಂದೆ ಹೋದ. ನಿಜಾಮನ ಕಾಲದಲ್ಲಿ ಸರ್ಕಾರಿ ವ್ಯಾನು ಹತ್ತಿದವನು ಹೈದರಾಬಾದ ರಾಜ್ಯ ಬಂದಾಗಲೂ ಇಳಿಯಲಿಲ್ಲ, ಮೈಸೂರು ರಾಜ್ಯ ಬಂದಾಗಲೂ ಇಳಿಯಲಿಲ್ಲ. ಮೂರು ಸರ್ಕಾರ ಬದಲಾದವು, ವ್ಯಾನಿನ ಕ್ಲಚ್ ಒಂದು ಬದಲಾಗಲಿಲ್ಲ ಎಂದು ಅವನೇ ಹೇಳುತ್ತಿದ್ದ.

ಊರಲ್ಲಿದ್ದಾಗ ವ್ಯಾನು ನಿಲ್ಲುತ್ತಿದ್ದದ್ದು ಗಾಂಧಿ ಗಂಜಿನ ಮಗ್ಗುಲಲ್ಲಿ. ಗಂಜು ಎಂದರೆ ತೊಗರಿ, ಜೋಳ, ಕಡಲೆಯ ಚೀಲಗಳ ಊರು. ದಲ್ಲಾಳಿ ವ್ಯಾಪಾರದ ಅಡತಿ ಅಂಗಡಿಗಳು, ಚೀಲ ಹೊರುವ ಹಮಾಲರು, ಲಾರಿಗಳು, ತಳ್ಳುಗಾಡಿಗಳು. ಇವುಗಳ ಸಂದಿಯಲ್ಲಿ ಹತ್ತು ಹನ್ನೊಂದು ಹುಡುಗರು ಇರುತ್ತಿದ್ದರು. ಎಲ್ಲಿಂದ ಬಂದರೋ, ಯಾರ ಮಕ್ಕಳೋ. ಖಾಲಿ ಚೀಲಗಳ ಮೇಲೆ ಮಲಗುವುದು, ನಲ್ಲಿಯಲ್ಲಿ ಮುಖ ತೊಳೆಯುವುದು, ಗಾಡಿ ನೂಕುವುದು, ನೆಲಕ್ಕೆ ಚೆಲ್ಲಿದ ಕಾಳು ಗುಡಿಸಿ ಕೊಡುವುದು, ಯಾರಾದರೂ ಕೊಟ್ಟರೆ ತಿನ್ನುವುದು. ಏನು ಕಳೆದರೂ ಪೆಟ್ಟು ಮೊದಲು ಬೀಳುತ್ತಿದ್ದದ್ದು ಅವರಿಗೆ. ನಾನೂ ಅವರನ್ನು ಉಡಾಳರು ಎಂದೇ ಕರೆಯುತ್ತಿದ್ದೆ. ಬರೆಯಲು ಈಗ ನಾಚಿಕೆಯಾಗುತ್ತದೆ.

ಒಂದು ಬೆಳಿಗ್ಗೆ ಶಿವರಾಜಪ್ಪನವರ ಅಡತಿಯಲ್ಲಿ ತೊಗರಿಯ ಚೀಲವೊಂದು ಹರಿದು ಕಾಳು ಸುರಿದಿತ್ತು. ಹುಡುಗರೇ ಕೊಯ್ದಿದ್ದಾರೆಂದು ಬಾಳ್ಯಾ ಎಂಬವನನ್ನು ಹಿಡಿದು ಬಡಿದರು. ಹತ್ತು ವರ್ಷದ ಹುಡುಗ, ಗಲ್ಲದ ಮೇಲೆ ಹುಣಸೆಬೀಜದಷ್ಟು ಸುಟ್ಟ ಕಲೆ. ಅತ್ತು ಮುಗಿದ ಮೇಲೆ ಅವನೇ ಹೋಗಿ, ಚೀಲ ತಂದ ತಳ್ಳುಗಾಡಿಯಲ್ಲಿ ಎದ್ದು ನಿಂತಿದ್ದ ಮೊಳೆಯನ್ನು ತೋರಿಸಿದ. ಮೊಳೆಯ ತುದಿಯಲ್ಲಿ ಗೋಣಿಯ ನಾರು ಇನ್ನೂ ತೂಗುತ್ತಿತ್ತು. ತಪ್ಪಾಯಿತು ಎಂದು ಒಬ್ಬರೂ ಅನ್ನಲಿಲ್ಲ. ಗಾಡಿಯ ಮೊಳೆ ಬಡಿದು ಕೆಲಸಕ್ಕೆ ಹೋದರು.

ವ್ಯಾನಿನ ಬಾಗಿಲಲ್ಲಿ ನಿಂತು ಮಕ್ಬೂಲ ಇದನ್ನು ನೋಡಿದ್ದ. ಅವತ್ತು ಪಾಟಿ ಹಿಡಿದು ಕೂತವನು ಒಂದಕ್ಷರ ಬರೆಯಲಿಲ್ಲ.

“ಈ ಮಂದಿ ದಿನಾ ಈ ಪೋರಗೋಳ ನಡುವ ಅಡ್ಡಾಡ್ತಾರ ಮಾಸ್ತರ. ಒಬ್ಬರೂ ನೋಡಿಲ್ಲ. ನಾ ಅಣೆಕಟ್ಟು ತೋರಸ್ತೇನಿ, ತಿಪ್ಪಿ ತೋರಸ್ತೇನಿ. ಇವರನ್ನ ಯಾಕ ತೋರಸಬಾರದು?”

ತೋರಿಸಲು ಚಿತ್ರ ಬೇಕಲ್ಲ! ಐವತ್ತೆಂಟರ ಚಳಿಗಾಲದಲ್ಲಿ ಅದಕ್ಕೂ ಕಾಲ ಕೂಡಿ ಬಂತು. ಹೊಸ ರಾಜ್ಯದ ಉತ್ತರದ ತುದಿ ಹೇಗಿದೆಯೆಂದು ಚಿತ್ರ ತೆಗೆಯಲು ಬೆಂಗಳೂರಿನಿಂದ ಒಬ್ಬ ಸಾಹೇಬರು ಕೀಲಿ ಕೊಟ್ಟು ಓಡಿಸುವ ಸಣ್ಣ ಕ್ಯಾಮೆರಾ ತಂದಿದ್ದರು. ಕೋಟೆಯ ಹೆಬ್ಬಾಗಿಲು ತೆಗೆದರು, ಬಿದರಿ ಕುಶಲಿಗಳನ್ನು ತೆಗೆದರು, ಮೂರು ದಿನಕ್ಕೆ ಜ್ವರ ಹಿಡಿದು ಮಲಗಿದರು. ಉಳಿದ ಮೂರು ಸುರುಳಿಗಳನ್ನು ಮಕ್ಬೂಲನ ಕೈಗಿಟ್ಟು, ಕೋಟೆಯ ಒಳಗಿನದ್ದನ್ನು ನೀನೇ ತೆಗಿ ಎಂದರು.

ಮಕ್ಬೂಲ ಕೈ ಕಟ್ಟಿ ನಿಂತು, “ಸಾಹೇಬರ, ಒಂದು ಮಾತು. ಕೋಟಿ ಐದನೂರು ವರ್ಷ ಅಲ್ಲೇ ನಿಂತದರಿ, ಎಲ್ಲೂ ಓಡಿ ಹೋಗೂದಿಲ್ಲ. ಗಂಜಿನ ಪೋರಗೋಳು ನಾಳಿಗಿ ಎಲ್ಲಿರ್ತಾರೋ ಗೊತ್ತಿಲ್ಲ,” ಎಂದ.

ಸಾಹೇಬರು ಕಂಬಳಿಯೊಳಗಿಂದಲೇ ನಕ್ಕು ಒಪ್ಪಿದರು. ದೊಡ್ಡ ಮನುಷ್ಯರು.

ಬೆಳಗಿನಿಂದ ಸಂಜೆಯತನಕ ಗಂಜಿನ ಹುಡುಗರ ಒಂದು ದಿನ. ಮಕ್ಬೂಲ ತೆಗೆದದ್ದು ಅಷ್ಟೇ. ಚೀಲದ ರಾಶಿಯಿಂದ ಒಂದೊಂದೇ ತಲೆ ಎದ್ದು ಬರುವುದು. ನಲ್ಲಿಯ ಹತ್ತಿರ ತಳ್ಳಾಟ. ಗಾಡಿಯ ಹಿಂದೆ ಬಾಗಿದ ಬೆನ್ನುಗಳು. ಹಮಾಲನೊಬ್ಬ ಕೊಟ್ಟ ರೊಟ್ಟಿಯನ್ನು ನಾಲ್ವರು ಹರಿದುಕೊಂಡು ತಿನ್ನುವುದು. ಕೊನೆಯಲ್ಲಿ ಪ್ರತಿಯೊಬ್ಬನನ್ನೂ ಗೋಡೆಯ ಮುಂದೆ ನಿಲ್ಲಿಸಿ ಮುಖವನ್ನು ಹತ್ತಿರದಿಂದ ಹಿಡಿದ. ಸುರುಳಿಗಳು ಮುಂಬಯಿಗೆ ಹೋಗಿ ತೊಳೆದು ಬಂದಾಗ ಒಟ್ಟು ಹನ್ನೊಂದು ನಿಮಿಷ. ಧ್ವನಿ ಇರಲಿಲ್ಲ. ಇಲಾಖೆಯ ಚಿತ್ರಕ್ಕೆ ಇದು ಹೊಂದುವುದಿಲ್ಲ, ನಿನ್ನ ಪ್ರದರ್ಶನಗಳಲ್ಲಿ ಬೇಕಾದರೆ ತೋರಿಸಿಕೋ ಎಂದು ಸಾಹೇಬರು ಬರೆದರು. ಧ್ವನಿಯ ಕೆಲಸ ನನ್ನ ಕುತ್ತಿಗೆಗೆ ಬಿತ್ತು. ಮೈಕು ಹಿಡಿದು ಚಿತ್ರದ ಜೊತೆಜೊತೆಗೆ ಮಾತಾಡಬೇಕು. ಮಾತಾಡು ಎಂದರೆ ನಾನು ಬೇಡ ಅನ್ನುವವನೇ ಅಲ್ಲ.

ಮೊದಲ ಪ್ರದರ್ಶನ ಗಂಜಿನಲ್ಲೇ ಆಯಿತು. ವ್ಯಾಪಾರಿಗಳು ಗಾದಿ ಹಾಕಿಸಿಕೊಂಡು ಮುಂದೆ ಕೂತರು, ಹುಡುಗರು ಲಾರಿಯ ಮೇಲೆ ಹತ್ತಿ ಕೂತರು. ಮೊದಲು ನಗು, ಶಿಳ್ಳೆ. ರೊಟ್ಟಿ ಹರಿಯುವ ಹೊತ್ತಿಗೆ ಗಾದಿಯ ಮೇಲಿದ್ದವರು ಮುಂದಕ್ಕೆ ಬಾಗಿದರು. ಅಂಗಡಿ ಬಾಗಿಲ ಮುಂದೆ ಬಾಳ್ಯಾ ಮುದುರಿ ಮಲಗಿದ್ದು ಬಂದಾಗ ಶಿವರಾಜಪ್ಪ ಎದ್ದು ನಿಂತರು.

“ಇದು ನಮ್ಮ ಅಂಗಡಿ ಅಲ್ಲೇನ್ರಿ? ಈ ಹುಡುಗ ನಮ್ಮ ಕಟ್ಟಿ ಮ್ಯಾಲ ಮಲಗ್ತಾನ?”

“ಮೂರು ವರ್ಷಾತ್ರಿ ಸಾವಕಾರ,” ಎಂದ ಒಬ್ಬ ಹಮಾಲ.

ದೀಪದ ಕೆಳಗೆ ಕತ್ತಲೆ ಎಂದರೆ ಇದು. ಸಾವಕಾರರು ಬೆಳಿಗ್ಗೆ ಹತ್ತಕ್ಕೆ ಬಂದು ದೀಪ ಹಚ್ಚುವ ಹೊತ್ತಿಗೆ ಮನೆಗೆ ಹೋಗುವವರು. ತಮ್ಮ ಕಟ್ಟೆಯ ಮೇಲೆ ಯಾರು ಮಲಗುತ್ತಾರೆಂದು ಅವರಿಗೆ ತಿಳಿಯುವುದು ಹೇಗೆ? ಕೆಟ್ಟವರಲ್ಲ, ನೋಡಿರಲಿಲ್ಲ. ನಾಲ್ಕು ದಿನ ಬಿಟ್ಟು ನೌಬಾದದಲ್ಲಿದ್ದ ತಮ್ಮ ಹಳೆಯ ಗೋದಾಮನ್ನು ಗುಡಿಸಿ ಸುಣ್ಣ ಹೊಡೆಸಿ ಹುಡುಗರಿಗೆ ಬಿಟ್ಟುಕೊಟ್ಟರು. ಉಳಿದ ಅಡತಿಯವರು ಜೋಳ, ಬೇಳೆ ಕಳಿಸಿದರು. ಬೆಳಿಗ್ಗೆ ಗಂಜಿನ ಕೆಲಸ, ಮಧ್ಯಾಹ್ನ ಎರಡು ತಾಸು ಅಕ್ಷರ. ಅಕ್ಷರ ಹೇಳುವವನು ಯಾರೆಂದು ಕೇಳಬೇಡಿ.

ಅಲ್ಲಿಗೆ ಮುಗಿದಿದ್ದರೆ ಮಕ್ಬೂಲ ಒಳ್ಳೆಯ ಕೆಲಸ ಮಾಡಿದ ಎಂದು ಹೊಗಳಿ ಎಲ್ಲರೂ ಮರೆಯುತ್ತಿದ್ದರು. ಆದರೆ ಒಂದು ಸಂಜೆ ಬಾಳ್ಯಾ ವ್ಯಾನಿನ ಹತ್ತಿರ ಬಂದು ನಿಂತ.

“ಚಾಚಾ, ಈ ಸಿನೆಮಾ ನಮ್ಮ ಊರಾಗ ತೋರಸ್ತೀರೇನ್ರಿ? ನಮ್ಮವ್ವ ನೋಡ್ತಾಳ.”

“ಯಾವದಪ್ಪ ನಿಮ್ಮ ಊರು?”

“ವಾಡಿ.”

ನನಗೆ ನಗು ಬಂತು. ಭಾಲ್ಕಿ, ಔರಾದ ಎರಡೂ ತಾಲೂಕುಗಳಲ್ಲಿ ಸಣ್ಣ ಊರೆಲ್ಲ ಒಂದಲ್ಲ ಒಂದು ವಾಡಿಯೇ. ಅದರ ಮುಂದಿನ ಹೆಸರು ಹುಡುಗನಿಗೆ ನೆನಪಿಲ್ಲ. ಅವ್ವನ ಹೆಸರು ಕೇಳಿದರೆ ‘ಅವ್ವ’. ಅಪ್ಪ ಇಲ್ಲ. ತನ್ನ ಹೆಸರು ಬಾಳ್ಯಾ ಎಂದು ಗೊತ್ತು. ಆದರೆ ಆ ಸೀಮೆಯಲ್ಲಿ ಕಲ್ಲು ಎಸೆದರೆ ಒಬ್ಬ ಬಾಳ್ಯಾನಿಗೆ ತಾಗುತ್ತದೆ. ಆರು ವರ್ಷದವನಿದ್ದಾಗ ಸುಗ್ಗಿ ರಾಶಿಯ ಕಾಲದಲ್ಲಿ ಲಾರಿಯೊಳಗಿನ ಚೀಲಗಳ ಮೇಲೆ ನಿದ್ದೆ ಹೋಗಿದ್ದನಂತೆ, ಎಚ್ಚರಾದಾಗ ಗಾಂಧಿ ಗಂಜು. ಅವ್ವನನ್ನು ಹುಡುಕಲು ಊರು ಗೊತ್ತಿರಬೇಕು, ಊರು ಹುಡುಕಲು ಅವ್ವ ಗೊತ್ತಿರಬೇಕು. ಹುಚ್ಚು ಬಿಡುವತನಕ ಮದುವೆ ಆಗುವುದಿಲ್ಲ, ಮದುವೆ ಆಗುವತನಕ ಹುಚ್ಚು ಬಿಡುವುದಿಲ್ಲ ಎಂದ ಹಾಗಾಯಿತು.

“ಇವನನ್ನೇ ವ್ಯಾನಿನಾಗ ಕೂಡಿಸಿಕೊಂಡು ಊರೂರಿಗೆ ಕರಕೊಂಡು ಹೋಗೋಣ,” ಎಂದೆ ನಾನು.

ಬಾಳ್ಯಾ ತಲೆ ಅಲ್ಲಾಡಿಸಿದ. “ನಾ ಒಲ್ಲೆರಿ. ಸಂತ್ಯಾಗ ದನ ತೋರಿಸಿದಂಗ ತೋರಸ್ತೀರಿ. ಯಾರೂ ಬ್ಯಾಡಂದ್ರ?”

ಮಕ್ಬೂಲ ಅವನ ತಲೆಯ ಮೇಲೆ ಕೈ ಇಟ್ಟು, “ನೀ ಇಲ್ಲೇ ಇರು. ನಿನ್ನ ಸಿನೆಮಾ ಹೋಗ್ತದ. ಎಲ್ಲಾ ವಾಡಿಗೂ ಹೋಗ್ತೇನಿ, ನಿಮ್ಮವ್ವ ಸಿಗೂತನಕ,” ಎಂದ. ಮಕ್ಕಳಿಗೆ ಹೀಗೆ ಮಾತು ಕೊಡಬಾರದು ಎಂದು ನಾನು ಆಮೇಲೆ ಜಗಳಾಡಿದೆ. ಕೊಟ್ಟಾಗಿತ್ತು.

ಅವತ್ತಿನಿಂದ ರಜೆ ಬಂದಾಗಲೆಲ್ಲ ನಾನೂ ವ್ಯಾನಿನಲ್ಲಿ. ಸರ್ಕಾರದ ಚಿತ್ರಗಳು ಮುಗಿದ ಮೇಲೆ ನಮ್ಮ ಹನ್ನೊಂದು ನಿಮಿಷ. ಭಾಲ್ಕಿಯಲ್ಲಿ ತೋರಿಸಿದೆವು, ಸಾಯಗಾಂವದಲ್ಲಿ ತೋರಿಸಿದೆವು, ಹೆಸರು ಬರೆದುಕೊಂಡು ಹದಿನಾಲ್ಕು ವಾಡಿಗಳಲ್ಲಿ ತೋರಿಸಿದೆವು. ಸಾಯಗಾಂವದಲ್ಲಿ ಒಬ್ಬ ಮುದುಕ ಬಾಳ್ಯಾನನ್ನು ನೋಡುತ್ತಲೇ ತನ್ನ ಮೊಮ್ಮಗ ಎಂದು ಎದೆ ಬಡಿದುಕೊಂಡ. ವಿಚಾರಿಸಿದರೆ ಮೊಮ್ಮಗ ಪಕ್ಕದಲ್ಲೇ ಕೂತು ಕಡಲೆ ತಿನ್ನುತ್ತಿದ್ದ. ಮುದುಕನಿಗೆ ಕಣ್ಣು ಮಂಜು. ಆದರೂ ಚಿತ್ರ ತನ್ನ ಕೆಲಸ ಮಾಡುತ್ತಿತ್ತು. ಮರುದಿನ ಬೆಳಿಗ್ಗೆ ವ್ಯಾನು ಹೊರಡುವಾಗ, ನಮ್ಮೂರಿನಿಂದಲೂ ಒಬ್ಬ ಹುಡುಗ ಹೋಗಿದ್ದಾನ್ರಿ, ಗಂಜಿನಾಗ ನೋಡ್ರಿ ಎಂದು ಯಾರಾದರೂ ಬಂದು ಹೇಳುತ್ತಿದ್ದರು. ಮೊದಲು ಅಂಥ ಮಾತನ್ನು ಮನೆಯ ಮರ್ಯಾದೆ ಎಂದು ಮುಚ್ಚಿಡುತ್ತಿದ್ದರು.

ಆಮೇಲೆ ಔರಾದ ತಾಲೂಕಿನ ಒಂದು ವಾಡಿಗೆ ಹೋದೆವು, ಅದರ ಪೂರ್ತಿ ಹೆಸರನ್ನು ನಾನು ಹೇಳುವುದಿಲ್ಲ. ಈ ಕಥೆಗೆ ಸಂಬಂಧಪಟ್ಟ ಮನೆತನದವರು ಈಗಲೂ ಅಲ್ಲಿದ್ದಾರೆ. ಮಾಘದ ಚಳಿ. ಊರಿಗೆ ಊರೇ ಬಂದಿತ್ತು. ನಮ್ಮ ಕಡೆ ಆಗ ಒಂದು ಪದ್ಧತಿ ಇತ್ತು: ಗಂಡಸರು ಪರದೆಯ ಮುಂದೆ, ಹೆಂಗಸರು ಪರದೆಯ ಹಿಂದೆ. ತೆಳ್ಳನೆಯ ಬಟ್ಟೆ, ಚಿತ್ರ ಎರಡೂ ಕಡೆ ಕಾಣುತ್ತದೆ. ಯಾರ ಕಣ್ಣಿಗೆ ಯಾರೂ ಬೀಳುವುದಿಲ್ಲ. ಹಿಂದೂಗಳಿರಲಿ, ಮುಸಲ್ಮಾನರಿರಲಿ, ಆಗತಾನೆ ಬೌದ್ಧರಾದವರಿರಲಿ, ಇದೊಂದು ವಿಷಯದಲ್ಲಿ ಎಲ್ಲ ಗಂಡಸರಿಗೂ ಒಮ್ಮತ. ನಾನೂ ಅದನ್ನು ಬಹಳ ಸಭ್ಯ ಏರ್ಪಾಡು ಎಂದು ತಿಳಿದಿದ್ದೆ.

ಮೈಕಿನಲ್ಲಿ ಎಂದಿನಂತೆ ಹೇಳಿದೆ: “ಇವನ ಹೆಸರು ಬಾಳ್ಯಾ. ಊರು ಯಾವುದೋ ವಾಡಿ. ಐದು ವರ್ಷದ ಕೆಳಗೆ ತಪ್ಪಿಸಿಕೊಂಡ. ಗಲ್ಲದ ಮೇಲೆ ಸುಟ್ಟ ಕಲೆ ಇದೆ, ನೋಡಿರಿ.” ಪರದೆಯ ಹಿಂದಿನಿಂದ ಯಾರೋ ಉಸಿರು ಎಳೆದುಕೊಂಡ ಸದ್ದು. ಆಮೇಲೆ ಗುಸುಗುಸು. ಮಕ್ಬೂಲ ನನ್ನತ್ತ ನೋಡಿದ.

ಚಿತ್ರ ಮುಗಿದ ಮೇಲೆ ಗುರಮ್ಮ ಎಂಬ ಹಿರಿಯ ಹೆಣ್ಣುಮಗಳು ವ್ಯಾನಿನ ಹತ್ತಿರ ಬಂದರು.

“ನಮ್ಮ ಕೌಸಲ್ಯಾನ ಮಗ ಇದ್ದಂಗೇ ಇದ್ದಾನ್ರಿ. ಐದು ವರ್ಷಾತು ಹೋಗಿ. ಅದೇ ಮೂಗು, ಅದೇ ನಗಿ. ಆದ್ರ ಅವ ಅಲ್ಲಂತರಿ. ಗುರುತು ಕೂಡೂದಿಲ್ಲ ಅಂದಳು. ಅಳಕೋತ ಮನಿಗಿ ಹೋದಳು.”

ತಾಯಿಯೇ ಅಲ್ಲ ಎಂದ ಮೇಲೆ ಮಾತೇನಿದೆ? ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಬಿದಿರು, ಪರದೆ ವ್ಯಾನಿಗೆ ಏರಿಸಿ ಬೀದರಕ್ಕೆ ಬಂದೆವು. ಗಂಜಿನಲ್ಲಿ ಬಾಳ್ಯಾ ಓಡಿ ಬಂದು ಮುಖ ನೋಡಿದ. ನೋಡಿ ತಾನಾಗಿಯೇ ತಿರುಗಿ ಹೋದ.

ಮೂರನೆಯ ದಿನ, ಶಾಲೆಯ ಗಂಟೆ ಹೊಡೆಯುವ ಮೊದಲೇ ಮಕ್ಬೂಲ ಸೈಕಲ್ಲಿನ ಮೇಲೆ ಏದುಸಿರು ಬಿಡುತ್ತ ಬಂದ.

“ಮಾಸ್ತರ, ರಜಾ ಹಾಕ್ರಿ. ವಾಡಿಗಿ ಹೋಗಬೇಕು. ಆ ಹೆಣ್ಮಗಳು ಬಾಳ್ಯಾನ್ನ ತಿರುವುಮುರುವು ನೋಡ್ಯಾಳ!”

“ಏನು ತಿರುವುಮುರುವು? ಕೂತು ಹೇಳ್ರಿ.”

ಕೂಡಲಿಲ್ಲ, ನಿಂತೇ ಹೇಳಿದ. ಹಿಂದಿನ ಸಂಜೆ ಅವರ ಮೊಹಲ್ಲಾದಲ್ಲಿ ಅದೇ ಚಿತ್ರ ತೋರಿಸಿದ್ದ. ಹೆಂಡತಿ ಖುರ್ಷಿದ ಬೇಗಂ ಮೊದಲ ಸಲ ನೋಡಿದ್ದಳು, ಎಲ್ಲ ಹೆಂಗಸರ ಜೊತೆ ಪರದೆಯ ಹಿಂದೆ ಕೂತು. ಮನೆಗೆ ಬಂದು ಊಟಕ್ಕೆ ಬಡಿಸುತ್ತ ಅವಳು ಕೇಳಿದಳಂತೆ: “ನಿಮ್ಮ ಸಿನೆಮಾದ ಮಂದಿಗೆ ತಮೀಜ ಇಲ್ಲೇನ್ರಿ? ಡಾಕ್ಟರ್ ಎಡಗೈಲೆ ಸೂಜಿ ಚುಚ್ತಾನ. ಹೋಗ್ಲಿ ಬಿಡು ಅಂದ್ರ, ಈ ಪೋರಗೋಳಿಗೂ ಎಡಗೈಲೇ ರೊಟ್ಟಿ ತಿನ್ನಾಕ ಕಲಿಸೀರಿ.”

ಮಕ್ಬೂಲನ ತುತ್ತು ಕೈಯಲ್ಲೇ ನಿಂತಿತು. ಪರದೆಯ ಹಿಂದಿನಿಂದ ನೋಡಿದರೆ ಬಲ ಎಡವಾಗುತ್ತದೆ, ಎಡ ಬಲವಾಗುತ್ತದೆ. ಇಷ್ಟು ವರ್ಷ ಯಂತ್ರ ಓಡಿಸಿದವನಿಗೆ ಇದು ಗೊತ್ತಿರಲಿಲ್ಲವೇ? ಗೊತ್ತಿತ್ತು. ಗೊತ್ತಿರುವುದು ಬೇರೆ, ಹೊತ್ತಿಗೆ ಹೊಳೆಯುವುದು ಬೇರೆ. ಆಟ ನಡೆಯುವಾಗ ಪರದೆಯ ಹಿಂದೆ ಅವನು ಒಂದು ದಿನವೂ ಹೋಗಿರಲಿಲ್ಲ. ಅದು ಹೆಂಗಸರ ಕಡೆ. ಇಡೀ ಜಿಲ್ಲೆಯ ಹೆಂಗಸರು, ಸಿನೆಮಾದವರೆಲ್ಲ ಎಡಚರು ಎಂದು ತಿಳಿದು ಸುಮ್ಮನಿದ್ದರು. ನಮ್ಮನ್ನು ಕೇಳಿದವರಿಲ್ಲ, ನಾವು ಹೇಳಿದವರಿಲ್ಲ. ನಾನಂತೂ ಮೈಕು ಹಿಡಿದು ಗಲ್ಲದ ಮೇಲೆ ಕಲೆ, ಗಲ್ಲದ ಮೇಲೆ ಕಲೆ ಎಂದು ಅರಚಿದ್ದೇ ಅರಚಿದ್ದು. ಯಾವ ಗಲ್ಲ ಎಂದು ಒಂದು ಮಾತು ಸೇರಿಸಿದ್ದರೆ ನನ್ನ ಗಂಟೇನು ಹೋಗುತ್ತಿತ್ತು? ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎಂದು ಮಕ್ಕಳಿಗೆ ಬರೆಸುವ ಮಾಸ್ತರ ನಾನು!

ಶನಿವಾರ ಮತ್ತೆ ಆ ವಾಡಿಗೆ ಹೋದೆವು. ಮಕ್ಬೂಲ ಬಿದಿರು ನೆಟ್ಟು, ಹೆಂಗಸರು ಇವತ್ತು ಮುಂದೆ ಕೂಡಬೇಕು ಎಂದ. ಊರಿನ ಪಾಟೀಲ ಕಾಶೀರಾಮ ಹುಬ್ಬು ಗಂಟಿಕ್ಕಿದರು.

“ಅದು ಹ್ಯಾಂಗ್ರಿ? ಹೆಣ್ಮಕ್ಕಳು ಮುಂದ ಕೂತ್ರ ನಾವು ಎಲ್ಲಿ ಕೂಡಬೇಕು?”

“ನೀವು ಹಿಂದ ಕೂಡ್ರಿ ಪಾಟೀಲರ,” ಎಂದ ಮಕ್ಬೂಲ, ಬಹಳ ಮರ್ಯಾದೆಯಿಂದ. “ಒಂದು ದಿನದ ಮಾತು. ಎರಡೂ ಕಡಿ ಒಂದೇ ಕಾಣ್ತದ ಅಂತ ಇಷ್ಟು ವರ್ಷ ಹೇಳಿದವರು ನಾವೇ ಅಲ್ಲೇನ್ರಿ?”

ಪರದೆಯ ಹಿಂದಿನಿಂದ ಹೆಂಗಸರ ನಗು ಕೇಳಿಸಿತು, ಪಾಟೀಲರ ಮನೆಯವರ ನಗು ಎಲ್ಲಕ್ಕಿಂತ ಜೋರಾಗಿ. ಪಾಟೀಲರು ಟವೆಲ್ಲು ಕೊಡವಿ ಎದ್ದರು. ಅವರು ಎದ್ದ ಮೇಲೆ ಉಳಿದ ಗಂಡಸರೂ ಎದ್ದರು. ಚುಚ್ಚುಮದ್ದಿನ ಚಿತ್ರ ಶುರುವಾಗುತ್ತಲೇ ಹಿಂದಿನಿಂದ ಕೂಗು: “ಏ, ಈ ಡಾಕ್ಟರ್ ಎಡಚ ಇದ್ದಾನಲ್ಲೋ!” ಮುಂದೆ ಕೂತ ಹೆಂಗಸರು ಹೊಟ್ಟೆ ಹಿಡಿದುಕೊಂಡು ನಕ್ಕರು. ಅಷ್ಟು ಸಂತೋಷದ ಆಟ ನಾನು ಮತ್ತೆ ನೋಡಿಲ್ಲ.

ಕೌಸಲ್ಯಾಬಾಯಿಯನ್ನು ಗುರಮ್ಮ ಕೈ ಹಿಡಿದು ತಂದು ಮೊದಲ ಸಾಲಿನಲ್ಲಿ ಕೂಡಿಸಿದ್ದರು. ಮೂವತ್ತರ ಸುಮಾರಿನ ಹೆಂಗಸು, ತಲೆಯ ಮೇಲೆ ಸೆರಗು. ಬರಲು ಮನಸ್ಸಿರಲಿಲ್ಲವಂತೆ, ಒಮ್ಮೆ ಅತ್ತದ್ದು ಸಾಲದೇ ಎಂದಿದ್ದಳಂತೆ. ಬಾಳ್ಯಾನ ಮುಖ ಪರದೆಯ ತುಂಬ ಬಂತು. ನಾನು ಮೈಕು ಕೆಳಗಿಟ್ಟೆ. ಅವಳು ಕೂಗಲಿಲ್ಲ, ಅಳಲಿಲ್ಲ.

“ಇನ್ನೊಮ್ಮೆ ಹಚ್ಚರಿ,” ಎಂದಳು.

ಮಕ್ಬೂಲ ಸುರುಳಿ ಸುತ್ತಿ ಇನ್ನೊಮ್ಮೆ ಓಡಿಸಿದ. ಅವಳು ತನ್ನ ಎಡಗಲ್ಲ ಮುಟ್ಟಿಕೊಂಡಳು, ಪರದೆ ನೋಡಿದಳು. ಮತ್ತೆ ಇನ್ನೊಮ್ಮೆ ಎಂದಳು. ಮೂರನೆಯ ಸಲ ಮುಗಿದ ಮೇಲೆ ಎದ್ದು ನಿಂತು ಎಲ್ಲರಿಗೂ ಕೇಳುವಂತೆ ಹೇಳಿದಳು: “ಇವ ನನ್ನ ಮಗ ಗೋರಖನಾಥ. ಮನ್ಯಾಗ ಬಾಳ್ಯಾ ಅಂತಿದ್ದೆವು.” ಆಮೇಲೆ ಗುರಮ್ಮನ ಹೆಗಲಿಗೆ ಮುಖ ಒತ್ತಿದಳು. ಪರದೆಯ ಹಿಂದೆ ಗಂಡಸರೂ ಮೂಗು ಒರೆಸಿಕೊಳ್ಳುವುದು ಕೇಳಿಸುತ್ತಿತ್ತು.

ಲಾರಿ ಉದಗೀರಕ್ಕೆ ಹೋಯಿತು ಎಂದು ಅವಳಿಗೆ ಯಾರೋ ಹೇಳಿದ್ದರಂತೆ. ವರ್ಷಕ್ಕೆರಡು ಸಲ ಉದಗೀರದ ಪೇಟೆಯಲ್ಲಿ ಅಂಗಡಿ ಅಂಗಡಿ ಕೇಳಿ ಬಂದಿದ್ದಳು. ಐವತ್ತಾರರಲ್ಲಿ ಉದಗೀರ ಮುಂಬಯಿ ರಾಜ್ಯಕ್ಕೆ ಹೋಯಿತು, ಇವರ ವಾಡಿ ಮೈಸೂರಿಗೆ ಬಂತು. ರಾಜ್ಯ ಬದಲಾದರೂ ಅವಳು ಹೋಗುವುದನ್ನು ಬಿಟ್ಟಿರಲಿಲ್ಲ. ಮಗ ಇದ್ದದ್ದು ಇತ್ತ, ಬೀದರದಲ್ಲಿ.

ಮಕ್ಬೂಲನ ಬಗ್ಗೆ ಹೇಳಬೇಕಾದ ಉಳಿದದ್ದನ್ನು ಇಲ್ಲೇ ಹೇಳಿಬಿಡುತ್ತೇನೆ. ಆ ಹನ್ನೊಂದು ನಿಮಿಷವನ್ನು ಅವನು ಮುಂದೆ ಏಳು ವರ್ಷ ತಿರುಗಿಸಿದ, ಸುರುಳಿಯ ತುಂಬ ಗೀರು ಬಿದ್ದು ಮುಖಗಳ ಮೇಲೆ ಮಳೆ ಸುರಿದಂತೆ ಕಾಣುವವರೆಗೆ. ಅದರಿಂದ ಇನ್ನೂ ಮೂವರು ಮನೆ ಮುಟ್ಟಿದರು. ಉಳಿದವರಿಗೆ ನೌಬಾದದ ಗೋದಾಮೇ ಮನೆಯಾಯಿತು. ಅವರಲ್ಲೊಬ್ಬ ಈಗ ಭಾಲ್ಕಿಯಲ್ಲಿ ಮಾಸ್ತರ, ನನಗಿಂತ ಚೆನ್ನಾಗಿ ಕಲಿಸುತ್ತಾನೆ. ಅಲ್ಲಿಂದ ಮುಂದೆ ಮಕ್ಬೂಲನ ವ್ಯಾನು ಹೋದ ಕಡೆಯೆಲ್ಲ ಪರದೆಯ ಮುಂದೆ ಅರ್ಧ ಹೆಂಗಸರು, ಅರ್ಧ ಗಂಡಸರು, ನಡುವೆ ಒಂದು ಹಗ್ಗ. ಪದಕ ಬರಲಿಲ್ಲ, ಬಡ್ತಿಯೂ ಬರಲಿಲ್ಲ. ನಿವೃತ್ತನಾದ ಮೇಲೆ ಮನೆಯ ಕಟ್ಟೆಯ ಮೇಲೆ ಕೂತು ಕನ್ನಡ ಪೇಪರನ್ನು ಜೋರಾಗಿ ಓದುತ್ತಿದ್ದ, ಒಳಗೆ ಖುರ್ಷಿದ ಬೇಗಂ ನಗಲಿ ಎಂದೇ ಅಲ್ಲಲ್ಲಿ ತಪ್ಪು ಓದುತ್ತಿದ್ದ. ತೃಪ್ತ ಮನುಷ್ಯ. ಅವನನ್ನು ನೆನೆದರೆ ನನ್ನ ಸಿಟ್ಟು ಇಳಿಯುತ್ತದೆ.

ಇನ್ನು ಆ ಶನಿವಾರದ ಮರುದಿನದ ಮಾತು. ಕೌಸಲ್ಯಾಬಾಯಿಯನ್ನು ಮುಂದಿನ ಸೀಟಿನಲ್ಲಿ ಕೂಡಿಸಿಕೊಂಡು ನಾವು ಗಂಜಿಗೆ ಬಂದದ್ದು ಬೆಳಿಗ್ಗೆ ಹತ್ತಕ್ಕೆ. ಅವಳನ್ನು ವ್ಯಾನಿನಲ್ಲೇ ಬಿಟ್ಟು ನಾನು ಮೊದಲು ಇಳಿದು ಓಡಿದೆ. ಸುದ್ದಿ ನನ್ನ ಬಾಯಲ್ಲಿ ನಿಲ್ಲುವುದಿಲ್ಲ. ಬಾಳ್ಯಾ ಶಿವರಾಜಪ್ಪನವರ ಅಂಗಡಿಯ ಮುಂದೆ ಚೆಲ್ಲಿದ ತೊಗರಿ ಗುಡಿಸುತ್ತಿದ್ದ. ನಿಮ್ಮವ್ವ ಸಿಕ್ಕಳು ಎಂದೆ. ಅಷ್ಟಕ್ಕೇ ನಿಲ್ಲಿಸದೆ, ಮೊದಲ ಸಲ ಅಲ್ಲ ಅಂದಿದ್ದಳು, ಆಮೇಲೆ ಗುರುತಿಸಿದಳು ಎಂದೂ ಬೊಗಳಿಬಿಟ್ಟೆ. ಹುಡುಗನ ಮುಖ ಇಳಿದುಹೋಯಿತು. ನನ್ನ ಬಾಯಿಗೆ ಬೆಂಕಿ ಬೀಳಲಿ.

ಕೌಸಲ್ಯಾಬಾಯಿ ಮಕ್ಬೂಲನ ಹಿಂದೆ ನಡೆದು ಬಂದಳು. ಹಮಾಲರು ಹೊತ್ತ ಚೀಲ ಹೊತ್ತುಕೊಂಡೇ ನಿಂತರು. ಮಗ ಓಡಿ ಬರುತ್ತಾನೆಂದು ಅವಳು ಕೈ ಚಾಚಿದಳು. ಅವನು ಬರಲಿಲ್ಲ, ಕಸಬರಿಗೆ ಹಿಡಿದು ನಿಂತಲ್ಲೇ ನಿಂತ.

“ನೀ ನನ್ನ ನೋಡಿ ಅಲ್ಲ ಅಂದಿಯಂತಲ್ಲ?” ಎಂದ.

ನಾನು ನಡುವೆ ಬಾಯಿ ಹಾಕಿ ಪರದೆ, ಹಿಂದೆ ಮುಂದೆ, ಎಡ ಬಲ ಎಂದು ವಿವರಿಸಲು ಹೊರಟೆ. ಮಕ್ಬೂಲ ನನ್ನ ತೋಳು ಹಿಡಿದು ನಿಲ್ಲಿಸಿದ.

ಕೌಸಲ್ಯಾಬಾಯಿ ಚಾಚಿದ ಕೈ ಇಳಿಸಿದಳು. “ಹೌದಪ್ಪ, ಅಂದೆ. ಸುಳ್ಳು ಹೇಳೂದಿಲ್ಲ. ನೀ ಸಣ್ಣವಿದ್ದಾಗ ರೊಟ್ಟಿ ಹಂಚು ತಾಗಿ ಎಡಗಲ್ಲ ಸುಟ್ಟಿತ್ತು. ಅದು ನೆಲಕ್ಕ ತಾಗಬಾರದು ಅಂತ ತಿಂಗಳಗಟ್ಟಲೆ ನಾ ಕೈ ಅಡ್ಡ ಇಟ್ಟು ಮಲಗೀನಿ. ಆ ಪರದ್ಯಾಗ ಸುಟ್ಟ ಕಲಿ ಬಲಗಲ್ಲದ ಮ್ಯಾಲ ಕಾಣ್ತು. ಅದಕ್ಕ ಅಲ್ಲ ಅಂದೆ. ನಿನ್ನ ಮರ್ತಿದ್ರ, ಮೂಗು ಕೂಡ್ತು, ನಗಿ ಕೂಡ್ತು ಅಂತ ಯಾವನನ್ನರ ಒಬ್ಬನ್ನ ಮಗಾ ಅಂತ ಕರಕೊಂಡು ಹೋಗಿ ಸುಖದಾಗ ಇರ್ತಿದ್ದೆ. ಮರೀಲಿಲ್ಲ ಬಾಳ್ಯಾ.”

ಹುಡುಗ ತನ್ನ ಎಡಗಲ್ಲ ಮುಟ್ಟಿಕೊಂಡ. ಕಲೆಯ ಮೇಲೆ ತೊಗರಿಯ ಧೂಳು ಕೂತಿತ್ತು. ಆಮೇಲೆ ಕಸಬರಿಗೆಯನ್ನು ಪಕ್ಕದ ಹುಡುಗನ ಕೈಗೆ ಕೊಟ್ಟು, ನಲ್ಲಿಯ ಕಡೆ ಎರಡು ಹೆಜ್ಜೆ ನಡೆದು, ತಿರುಗಿ ನಿಂತು ಹೇಳಿದ:

“ತಡಿ ಅವ್ವ, ಮಾರಿ ತೊಳಕೊಂಡು ಬರ್ತೇನಿ.”